ರಂಗಸಜ್ಜಿಕೆ ‘ಪೂರಕ’ವಾಗಿತ್ತಂತೆ!

ನಮ್ಮ ಪತ್ರಿಕೆಗಳ ನಾಟಕ ವಿಮರ್ಶೆಯಲ್ಲಿ ಕೊನೆಯ ಪ್ಯಾರಾವನ್ನು ಓದಬೇಕಾಗಿಯೇ ಇಲ್ಲ, ಕಣ್ಣು ಮುಚ್ಚಿಕೊಂಡು ಹೇಳಿಬಿಡಬಹುದು. ಕಥೆ ಹೇಳಿದ್ದಾಯಿತು, ನಿರ್ದೇಶಕರ ಹೊಸ ಓದನ್ನು ಮೆಚ್ಚಿದ್ದಾಯಿತು, ನಟನಟಿಯರನ್ನು ಒಬ್ಬೊಬ್ಬರಾಗಿ ಕರೆದು ಬೆನ್ನು ತಟ್ಟಿದ್ದಾಯಿತು, ಯಾರದೋ ಉಚ್ಚಾರಣೆಯ ಬಗ್ಗೆ ಸಣ್ಣದೊಂದು ತಕರಾರೂ ಆಯಿತು. ಉಳಿದದ್ದು ಒಂದೇ ಸಾಲು: ರಂಗಸಜ್ಜಿಕೆ, ವಸ್ತ್ರವಿನ್ಯಾಸ, ಬೆಳಕು ನಾಟಕಕ್ಕೆ ಪೂರಕವಾಗಿದ್ದವು. ಮೂರು ನಾಲ್ಕು ಜನ ನಿದ್ದೆಗೆಟ್ಟು ಮಾಡಿದ ಕೆಲಸ ಅಲ್ಲಿಗೆ ಮುಗಿಯಿತು. ಎಷ್ಟೋ ಸಲ ಅವರ ಹೆಸರೂ ಇರುವುದಿಲ್ಲ.

ಇದು ಬರೀ ಸೋಮಾರಿತನವಾಗಿದ್ದರೆ ಬಿಟ್ಟುಬಿಡಬಹುದಿತ್ತು. ಇದರ ಬೆನ್ನಿಗೊಂದು ಸಿದ್ಧಾಂತವಿದೆ, ಅದನ್ನು ತಿಳಿದವರೇ ಹೇಳುತ್ತಾರೆ. ಒಳ್ಳೆಯ ರಂಗವಿನ್ಯಾಸವೆಂದರೆ ಕಣ್ಣಿಗೆ ಬೀಳದ ರಂಗವಿನ್ಯಾಸವಂತೆ. ನಾಟಕವೆಂದರೆ ಮಾತು ಮತ್ತು ನಟ, ಅವೆರಡಕ್ಕೂ ಅರ್ಥ ಕೊಡುವವನು ನಿರ್ದೇಶಕ, ಆ ಅರ್ಥ ಸಿದ್ಧವಾದ ಮೇಲೆ ಅದಕ್ಕೆ ಬಟ್ಟೆ ತೊಡಿಸಿ ಕೂರಲು ಕುರ್ಚಿ ಹಾಕುವವನು ವಿನ್ಯಾಸಕ. ಆತ ಚೆನ್ನಾಗಿ ಹಾಕಿದರೆ ಯಾರೂ ಗಮನಿಸಬಾರದು, ಗಮನಿಸಿದರೆ ಅದು ಅವನ ತಪ್ಪು. ಈ ನಂಬಿಕೆಯಲ್ಲಿ ಸ್ವಲ್ಪ ತಿದ್ದಿ ಉಳಿಸಿಕೊಳ್ಳುವಂಥದ್ದೇನೂ ನನಗೆ ಕಾಣುವುದಿಲ್ಲ. ಅದು ಬುಡದಿಂದಲೇ ತಲೆಕೆಳಗಾಗಿದೆ.

ಈ ನಂಬಿಕೆ ನಮ್ಮಲ್ಲಿ ಹೇಗೆ ಬೇರುಬಿಟ್ಟಿತೆಂದು ಊಹಿಸುವುದು ಕಷ್ಟವಲ್ಲ. ಕಂಪನಿ ನಾಟಕಗಳ ಕಾಲದಲ್ಲಿ ಪರದೆಯದೇ ದರ್ಬಾರು. ಅರಮನೆ ಪರದೆ, ಕಾಡಿನ ಪರದೆ, ಬೀದಿ ಪರದೆ. ಗುಬ್ಬಿ ಕಂಪನಿಯ ‘ಕುರುಕ್ಷೇತ್ರ’ದಲ್ಲಂತೂ ಆನೆ ಕುದುರೆಗಳೇ ರಂಗಕ್ಕೆ ಬಂದವು. ಹವ್ಯಾಸಿ ರಂಗಭೂಮಿ ಅದಕ್ಕೆ ಬೆನ್ನು ತಿರುಗಿಸಿತು, ತಿರುಗಿಸಬೇಕಾದ್ದೂ ಹೌದು. ಬೀದಿನಾಟಕದ ದಿನಗಳು ಬಂದವು. ತಂಡಗಳ ಹತ್ತಿರ ದುಡ್ಡಿರಲಿಲ್ಲ. ಎರಡು ಲೆವೆಲ್, ನಾಲ್ಕು ಬಿದಿರು, ಹಿಂದೊಂದು ಕಪ್ಪು ಪರದೆ, ಎಲ್ಲರಿಗೂ ಒಂದೇ ಬಗೆಯ ಕುರ್ತಾ ಪೈಜಾಮ. ಈ ಬಡತನಕ್ಕೊಂದು ತತ್ವ ಬೇಕಿತ್ತು, ಇಂಗ್ಲಿಷ್ ನಿರ್ದೇಶಕ ಪೀಟರ್ ಬ್ರೂಕ್‌ನ 1968ರ ‘ದಿ ಎಂಪ್ಟಿ ಸ್ಪೇಸ್’ ಕೈಗೆ ಸಿಕ್ಕಿತು. ಖಾಲಿ ಜಾಗವೊಂದಿದ್ದರೆ ಸಾಕು, ಅದೇ ರಂಗಭೂಮಿ. ವಿನ್ಯಾಸಕನಿಗೆ ಕೊಡಬೇಕಾದ ಹಣವೂ ಉಳಿಯಿತು, ಸೌಂದರ್ಯಮೀಮಾಂಸೆಯೂ ಸಿಕ್ಕಿತು.

ಬ್ರೂಕ್‌ನನ್ನು ಸಾಕ್ಷಿಗೆ ಕರೆಯುವವರು ಆತ ಏನು ಮಾಡಿದನೆಂಬುದನ್ನೂ ನೋಡಬೇಕು. 1955ರಲ್ಲಿ ‘ಟೈಟಸ್ ಆಂಡ್ರಾನಿಕಸ್’ ಮಾಡಿದಾಗ ರಂಗವಿನ್ಯಾಸವನ್ನು ತಾನೇ ಮಾಡಿಕೊಂಡಿದ್ದ. ಆ ಕೆಲಸ ಅವನಿಗೆ ಅಷ್ಟು ಮುಖ್ಯವಾಗಿತ್ತು. ಖಾಲಿ ರಂಗದ ಪರಮ ಉದಾಹರಣೆಯೆಂದು ಎಲ್ಲರೂ ತೋರಿಸುವ 1970ರ ‘ಎ ಮಿಡ್‌ಸಮ್ಮರ್ ನೈಟ್ಸ್ ಡ್ರೀಮ್’ನ ಆ ಬಿಳಿ ಪೆಟ್ಟಿಗೆ ಸ್ಯಾಲಿ ಜೇಕಬ್ಸ್ ಎಂಬ ವಿನ್ಯಾಸಕಿಯ ಕೆಲಸ. ಮೂರು ಕಡೆ ಬಿಳಿ ಗೋಡೆ, ಮೇಲಿನಿಂದ ಇಳಿಬಿದ್ದ ಸರ್ಕಸ್ಸಿನ ಉಯ್ಯಾಲೆ, ಆ ಬಿಳುಪಿನ ಮುಂದೆ ಉರಿಯುವಂಥ ಬಣ್ಣಗಳ ಸ್ಯಾಟಿನ್ ಉಡುಪು. ಕಾಡೇ ಇಲ್ಲದ ಆ ಕಾಡನ್ನು ಒಬ್ಬರು ಕೂತು ಯೋಚಿಸಿ, ಅಳತೆ ಹಾಕಿ, ಕಟ್ಟಿಸಿದರು. ಜನ ಮಾತ್ರ ಅದನ್ನು ಬ್ರೂಕ್‌ನ ಬಿಳಿ ಪೆಟ್ಟಿಗೆ ಎನ್ನುತ್ತಾರೆ. ರಂಗ ಖಾಲಿ ಎನ್ನುವುದೂ ಒಂದು ವಿನ್ಯಾಸವೇ, ಅದೂ ಬಹಳ ದುಬಾರಿಯಾದದ್ದು. ಏನೂ ಮಾಡದೆ ಬಿಟ್ಟ ರಂಗ ಖಾಲಿಯಾಗಿ ಕಾಣುವುದಿಲ್ಲ, ಸಭಾಭವನದ ಹಾಗೆ ಕಾಣುತ್ತದೆ.

ನನ್ನ ಮುಖ್ಯ ಸಾಕ್ಷಿ ಬೇರೆ. ರಂಗವಿನ್ಯಾಸಕ ಕಾಸ್ಪರ್ ನೇಹರ್, 1897ರಲ್ಲಿ ಜರ್ಮನಿಯ ಔಗ್ಸ್‌ಬರ್ಗ್‌ನಲ್ಲಿ ಹುಟ್ಟಿ 1962ರಲ್ಲಿ ವಿಯೆನ್ನಾದಲ್ಲಿ ತೀರಿಕೊಂಡವನು. ನಾಟಕಕಾರ ಬ್ರೆಕ್ಟ್‌ನ ಶಾಲಾ ದಿನಗಳ ಗೆಳೆಯ. ಬ್ರೆಕ್ಟ್ ಕನ್ನಡಕ್ಕೆ ಬಂದು ದಶಕಗಳೇ ಆದವು. ಅವನ ನಾಟಕಗಳನ್ನು ಅನುವಾದಿಸಿದೆವು, ಆಡಿದೆವು, ಅವನ ಸಿದ್ಧಾಂತದ ಮೇಲೆ ಶಿಬಿರ ನಡೆಸಿದೆವು. ಆ ರಂಗಭೂಮಿಯನ್ನು ಅವನ ಜೊತೆಗೇ ಕೂತು ಕಟ್ಟಿದ ನೇಹರ್ ಮಾತ್ರ ನಮ್ಮ ಶಿಬಿರಗಳ ಬಾಗಿಲ ಹೊರಗೇ ಉಳಿದ.

1928ರ ಆಗಸ್ಟ್ 31ರಂದು ಬರ್ಲಿನ್‌ನಲ್ಲಿ ಬ್ರೆಕ್ಟ್‌ನ ‘ತ್ರೀಪೆನ್ನಿ ಒಪೆರಾ’ ಮೊದಲು ಆಡಿದಾಗ ಪ್ರೇಕ್ಷಕರು ಏನು ಕಂಡರು? ರಂಗದ ಹಿಂಭಾಗದಲ್ಲಿ ಒಂದು ಆರ್ಗನ್ ವಾದ್ಯ, ಎಲ್ಲರ ಕಣ್ಣೆದುರೇ ಕೂತ ವಾದ್ಯವೃಂದ. ಎಡಕ್ಕೊಂದು ಬಲಕ್ಕೊಂದು ಬಟ್ಟೆಯ ತೆರೆ, ಹಾಡಿನ ಹೆಸರುಗಳು ಅದರ ಮೇಲೆ ಮೂಡುತ್ತಿದ್ದವು. ಮುಂದೆ ತಂತಿಗೆ ಸಿಕ್ಕಿಸಿದ, ಆಳೆತ್ತರಕ್ಕಿಂತ ತುಸು ಹೆಚ್ಚಿನ, ಕೊಳಕು ಬಣ್ಣದ ಅರ್ಧ ಪರದೆ. ಅದನ್ನು ಎಳೆದರೂ ಹಿಂದೆ ಜನ ಓಡಾಡುವುದು ಗೊತ್ತಾಗುತ್ತಿತ್ತು. ಬ್ರೆಕ್ಟ್‌ನ ಎಪಿಕ್ ರಂಗಭೂಮಿಯ ಲಕ್ಷಣಗಳೇನೆಂದು ನಾಟಕ ಶಾಲೆಯ ಹುಡುಗನನ್ನು ಕೇಳಿದರೆ ಪಟಪಟನೆ ಒಪ್ಪಿಸುವ ಪಟ್ಟಿಯಲ್ಲಿ ಅರ್ಧ ಇವೇ ಇರುತ್ತವೆ. ಬ್ರೆಕ್ಟ್ ಹೆಸರಿನಲ್ಲಿ ಓಡಾಡುವ ಆ ಪರದೆ ನೇಹರ್‌ನದು. (ಅರ್ಧ ಪರದೆ ನಮಗೆ ಹೊಸದಲ್ಲ. ಇಬ್ಬರು ತೆರೆ ಹಿಡಿದು ವೇಷವನ್ನು ಸ್ವಲ್ಪಸ್ವಲ್ಪವೇ ತೋರಿಸುವ ಯಕ್ಷಗಾನದ ಜಾಣ್ಮೆಯನ್ನು ಕಾರ್ನಾಡರು ‘ಹಯವದನ’ಕ್ಕೆ ತಂದುಕೊಂಡದ್ದು ಎಲ್ಲರಿಗೂ ಗೊತ್ತು.)

ಇದಕ್ಕಿಂತ ಗಟ್ಟಿಯಾದ ಪುರಾವೆ ಬ್ರೆಕ್ಟ್‌ನ ಬರಹದಲ್ಲೇ ಇದೆ. ಆತ ನೇಹರ್‌ನ ಕುರ್ಚಿಗಳ ಬಗ್ಗೆ ಬರೆದಿದ್ದಾನೆ. ಕುರ್ಚಿಯ ಕಾಲು ಎಷ್ಟು ಗಿಡ್ಡವಿರಬೇಕು, ಅದರ ಮುಂದಿನ ಮೇಜು ಎಷ್ಟೆತ್ತರ ಇರಬೇಕೆಂದು ನೇಹರ್ ಲೆಕ್ಕ ಹಾಕುತ್ತಿದ್ದ. ಆ ಲೆಕ್ಕದ ಫಲವಾಗಿ ಉಣ್ಣಲು ಕೂತವರು ಮಾಮೂಲಿಗಿಂತ ಹೆಚ್ಚು ಬಗ್ಗಬೇಕಾಗುತ್ತಿತ್ತು. ಬಗ್ಗಿ ಉಣ್ಣುವವರ ಮಾತುಕತೆಗೆ ಬೇರೆಯೇ ಧಾಟಿ ಬರುತ್ತಿತ್ತು, ಆ ದೃಶ್ಯದ ಅರ್ಥ ಸ್ಪಷ್ಟವಾಗುತ್ತಿತ್ತು. ಈಗ ಹೇಳಿ, ಇಲ್ಲಿ ಯಾರು ಯಾರಿಗೆ ಪೂರಕ? ನಟನ ಬೆನ್ನನ್ನು ಬಗ್ಗಿಸಿದವನು ವಿನ್ಯಾಸಕ. ಬೆನ್ನು ಬಗ್ಗಿದ್ದರಿಂದ ಗಂಟಲು ಬದಲಾಯಿತು, ಗಂಟಲು ಬದಲಾದದ್ದರಿಂದ ಮಾತು ಬದಲಾಯಿತು. ಪ್ರೇಕ್ಷಕ ಕುರ್ಚಿಯನ್ನು ಗಮನಿಸದೆ ನಟನನ್ನೇ ಹೊಗಳಿ ಮನೆಗೆ ಹೋದನೆಂದರೆ ಅದು ಪ್ರೇಕ್ಷಕನ ಹಕ್ಕು. ವಿಮರ್ಶಕನಿಗೆ ಆ ಹಕ್ಕಿಲ್ಲ.

ನೇಹರ್ ಗೋಡೆ ಕಿಟಕಿಗಳಿಂದ ಶುರುಮಾಡುತ್ತಿರಲಿಲ್ಲ, ಮನುಷ್ಯರಿಂದ ಶುರುಮಾಡುತ್ತಿದ್ದ. ಯಾರು ಎಲ್ಲಿ ನಿಂತಿದ್ದಾರೆ, ಯಾರ ಮುಖ ಯಾರ ಕಡೆಗಿದೆ, ಯಾರು ಗುಂಪಿನಿಂದ ದೂರ ಸರಿದಿದ್ದಾರೆ ಎಂಬುದೆಲ್ಲ ಮಸಿಗೆರೆ ಮತ್ತು ತೆಳು ಬಣ್ಣದ ಸಣ್ಣ ಸಣ್ಣ ಚಿತ್ರಗಳಾಗಿ ಬರುತ್ತಿತ್ತು. ಬ್ರೆಕ್ಟ್ ತಾಲೀಮಿನಲ್ಲಿ ನಟರನ್ನು ನಿಲ್ಲಿಸುತ್ತಿದ್ದದ್ದು ಆ ಚಿತ್ರಗಳನ್ನು ಮುಂದಿಟ್ಟುಕೊಂಡು. ನಾವು ಬ್ಲಾಕಿಂಗ್ ಎನ್ನುತ್ತೇವಲ್ಲ, ಯಾರ ಕೆಲಸವೆಂದು ಕೇಳಿದರೆ ನಿರ್ದೇಶಕರದೆಂದು ಅನುಮಾನವೇ ಇಲ್ಲದೆ ಹೇಳುತ್ತೇವಲ್ಲ, ಅದು ಅಲ್ಲಿ ವಿನ್ಯಾಸಕನ ಕಾಗದದ ಮೇಲೆ ಮೊದಲು ನಡೆದಿರುತ್ತಿತ್ತು.

1930ರಲ್ಲಿ ಲೈಪ್‌ಜಿಗ್‌ನಲ್ಲಿ ಬ್ರೆಕ್ಟ್‌ನ ‘ಮಹಗನಿ’ ಒಪೆರಾ ಆಡಿ ಗಲಾಟೆಯಾಯಿತು. ಅದರಲ್ಲಿ ತಿಂದು ತಿಂದೇ ಸಾಯುವ ಯಾಕೋಬ್ ಎಂಬೊಬ್ಬನಿದ್ದಾನೆ. ಅವನು ತಿನ್ನುತ್ತ ಕೂತಾಗ ಬೆನ್ನ ಹಿಂದಿನ ತೆರೆಯ ಮೇಲೆ ನೇಹರ್ ಬಿಡಿಸಿದ ಇನ್ನೊಬ್ಬ ಹೊಟ್ಟೆಬಾಕ. ಮುಂದಿನವನು ತಿನ್ನುತ್ತಾನೆ, ಹಿಂದಿನವನು ಅವನ ಮೇಲೆ ಷರಾ ಬರೆಯುತ್ತಾನೆ. ಬ್ರೆಕ್ಟ್ ಇದನ್ನೇ ಎತ್ತಿಕೊಂಡು, ನೇಹರ್‌ನ ಚಿತ್ರಗಳು ನಡೆಯುತ್ತಿರುವುದರ ಬಗ್ಗೆ ತಮ್ಮದೇ ನಿಲುವು ತಾಳುತ್ತವೆ ಎಂಬರ್ಥದ ಮಾತು ಬರೆದ. ಸಂಗೀತಕ್ಕೊಂದು ನಿಲುವು, ಪಠ್ಯಕ್ಕೊಂದು ನಿಲುವು, ಚಿತ್ರಕ್ಕೊಂದು ನಿಲುವು. ಒಂದು ಇನ್ನೊಂದಕ್ಕೆ ಜೀ ಹುಜೂರ್ ಎನ್ನಬೇಕಾಗಿರಲಿಲ್ಲ. ಇಷ್ಟೆಲ್ಲ ಓದಿಕೊಂಡ ನಮ್ಮ ಬ್ರೆಕ್ಟ್ ಪಂಡಿತರೇ ವಿಮರ್ಶೆ ಬರೆಯಲು ಕೂತಾಗ ಅದೇ ಹಳೆಯ ಕೊನೆಯ ಸಾಲು ಬರೆಯುತ್ತಾರೆ.

ಒಪೆರಾದ ವಿಷಯದಲ್ಲಿ ಇನ್ನೊಂದು ಅಸಡ್ಡೆ ಉಂಟು. ಗಂಭೀರ ನಾಟಕದ ವಿನ್ಯಾಸಕ ಒಪೆರಾಕ್ಕೆ ಹೋದನೆಂದರೆ ದುಡ್ಡಿಗೆ ಬಿದ್ದ, ಜರತಾರಿಗೆ ಮರುಳಾದ ಎನ್ನುತ್ತಾರೆ. ನೇಹರ್‌ನ ವೃತ್ತಿಯ ದೊಡ್ಡ ಪಾಲು ಒಪೆರಾದಲ್ಲೇ ಕಳೆಯಿತು. ವೆರ್ದಿಯ ‘ಮ್ಯಾಕ್‌ಬೆತ್’ ಒಂದನ್ನೇ ನಿರ್ದೇಶಕ ಕಾರ್ಲ್ ಎಬರ್ಟ್ ಜೊತೆ 1931ರಲ್ಲಿ ಬರ್ಲಿನ್‌ನಲ್ಲಿ, 1938ರಲ್ಲಿ ಇಂಗ್ಲೆಂಡಿನ ಗ್ಲೈಂಡ್‌ಬರ್ನ್‌ನಲ್ಲಿ, 1959ರಲ್ಲಿ ನ್ಯೂಯಾರ್ಕಿನ ಮೆಟ್ರೊಪಾಲಿಟನ್‌ನಲ್ಲಿ ಮಾಡಿದ. 1952ರಲ್ಲಿ ಲಂಡನ್ನಿನ ಕೋವೆಂಟ್ ಗಾರ್ಡನ್‌ನಲ್ಲಿ ‘ವೊಟ್ಸೆಕ್’ ಆಡಿದಾಗಲೂ ವಿನ್ಯಾಸ ಅವನದೇ. ಅಷ್ಟೇ ಅಲ್ಲ, ಒಪೆರಾಗಳಿಗೆ ಸಾಹಿತ್ಯವನ್ನೂ ಬರೆದ. 1932ರಲ್ಲಿ ಬರ್ಲಿನ್‌ನಲ್ಲಿ ಆಡಿದ, ಸಂಗೀತ ಸಂಯೋಜಕ ಕುರ್ಟ್ ವೈಲ್‌ನ ‘ಡಿ ಬುರ್ಗ್‌ಶಾಫ್ಟ್’ನ ಪಠ್ಯ ನೇಹರ್‌ನದು. ಪರದೆ ಬರೆಯುವವನಿಗೆ ಪಠ್ಯ ಬರೆಯಲು ಬಂತೇ ಎಂದು ಆಶ್ಚರ್ಯಪಡುವವರು ಅವನ ಚಿತ್ರಗಳನ್ನು ನೋಡಿಲ್ಲ.

ವಿನ್ಯಾಸ ಮೊದಲು, ಉಳಿದದ್ದೆಲ್ಲ ಆಮೇಲೆ ಎಂಬುದು ಒಪೆರಾದಲ್ಲಿ ಕಣ್ಣಿಗೆ ಹೊಡೆಯುವಷ್ಟು ಸ್ಪಷ್ಟ. ದೊಡ್ಡ ಒಪೆರಾ ಮನೆಗಳಲ್ಲಿ ಗಾಯಕರು ತಾಲೀಮಿಗೆ ಬರುವ ಎಷ್ಟೋ ತಿಂಗಳ ಮುಂಚೆ ರಂಗದ ಪುಟ್ಟ ಮಾದರಿ ತಯಾರಾಗಿರಬೇಕು. ಬ್ರಿಟನ್ನಿನಲ್ಲಿ ಅದರ ಅಳತೆ ಸಾಮಾನ್ಯವಾಗಿ 1:25. ಜರ್ಮನಿಯಲ್ಲಾದರೆ ಬೌಪ್ರೋಬೆ ಎಂಬ ಇನ್ನೊಂದು ಹಂತವಿದೆ. ಹಳೆಯ ಹಲಗೆ, ಚೌಕಟ್ಟು, ಬಟ್ಟೆ ಇಟ್ಟು ನಿಜವಾದ ರಂಗದ ಮೇಲೇ ಸೆಟ್ಟಿನ ಕಚ್ಚಾ ರೂಪ ನಿಲ್ಲಿಸಿ, ಗ್ಯಾಲರಿಯ ಮೂಲೆಯಿಂದ ಏನು ಕಾಣುತ್ತದೆ, ಏನು ಮರೆಯಾಗುತ್ತದೆ ಎಂದು ನೋಡುತ್ತಾರೆ. ಬಾಗಿಲು ಎಲ್ಲಿ, ಮೆಟ್ಟಿಲು ಎಷ್ಟು, ಎಂಬತ್ತು ಜನರ ಮೇಳ ಒಳಗೆ ಬರಲು ದಾರಿ ಎಷ್ಟಗಲ ಎಂಬುದೆಲ್ಲ ಅಲ್ಲಿ ತೀರ್ಮಾನವಾಗಿ ಬಡಗಿಯ ಕೈಗೆ ಹೋಗುತ್ತದೆ. ಸಂಗೀತ ಯಾರಿಗೂ ಕಾಯುವುದಿಲ್ಲ. ಮೇಳ ಒಳಗೆ ಬರಲು ಸಂಗೀತಗಾರ ಬರೆದಿಟ್ಟದ್ದು ಹದಿನಾರು ಆವರ್ತವಾದರೆ, ಅಷ್ಟರೊಳಗೆ ಆ ಬಾಗಿಲಿನಿಂದ ಅವರೆಲ್ಲ ಬಂದು ನಿಂತಿರಬೇಕು. ನಿರ್ದೇಶಕ ತಾಲೀಮಿನ ಮೊದಲ ದಿನ ಕೊಠಡಿಗೆ ಕಾಲಿಡುವ ಹೊತ್ತಿಗೆ ಅವನ ಅರ್ಧ ನಿರ್ಧಾರಗಳು ಮರದಲ್ಲಿ ಮೊಳೆ ಹೊಡೆಸಿಕೊಂಡು ಕೂತಿರುತ್ತವೆ.

ಆಮೇಲೆ ಉಳಿಯುವುದೂ ಅದೇ. ಮೆಟ್ರೊಪಾಲಿಟನ್‌ನಲ್ಲಿ ಝೆಫಿರೆಲ್ಲಿ 1981ರಲ್ಲಿ ನಿರ್ದೇಶಿಸಿ, ರಂಗವಿನ್ಯಾಸವನ್ನೂ ತಾನೇ ಮಾಡಿದ ‘ಲಾ ಬೊಹೆಮ್’ ಅವನು 2019ರಲ್ಲಿ ತೀರಿಕೊಂಡ ಮೇಲೂ ಆಡುತ್ತಿದೆ. ನಾಯಕಿ ಮಿಮಿಯ ಪಾತ್ರಕ್ಕೆ ಎಷ್ಟೋ ಜನ ಬಂದರು, ಹೋದರು. ಚಳಿಯ ಆ ಅಟ್ಟದ ಕೋಣೆ ಮಾತ್ರ ಅಲ್ಲೇ ಇದೆ, ಹೊಸಬರು ಅದರೊಳಗೆ ಬಂದು ತಮ್ಮ ಜಾಗ ಹುಡುಕಿಕೊಳ್ಳುತ್ತಾರೆ.

ವಸ್ತ್ರದ ಬಗ್ಗೆ ಬರೆಯುವಾಗ ನಮ್ಮವರಿಗೆ ಸಿಗುವುದು ಬಣ್ಣ ಮಾತ್ರ: ಕಣ್ಣಿಗೆ ತಂಪಾಗಿತ್ತು, ಕಾಲಕ್ಕೆ ತಕ್ಕುದಾಗಿತ್ತು. ಒಪೆರಾದ ವಸ್ತ್ರಾಗಾರದ ದರ್ಜಿಯನ್ನು ಕೇಳಿ ನೋಡಿ. ಬಿಗಿ ಕಾರ್ಸೆಟ್ ಹಾಕಿದರೆ ಹೆಂಗಸು ಸುಂದರವಾಗಿ ಕಾಣಬಹುದು, ಆದರೆ ಪಕ್ಕೆಲುಬು ಅರಳಲು ಜಾಗವಿಲ್ಲದಿದ್ದರೆ ಉದ್ದನೆಯ ಸ್ವರ ನಡುವೆಯೇ ಮುರಿಯುತ್ತದೆ. ಹಾಗಾಗಿ ಬಿಗಿಯಾಗಿ ಕಾಣಬೇಕು, ಬಿಗಿಯಾಗಿರಬಾರದು. ಯೋಧನ ಶಿರಸ್ತ್ರಾಣ ಕಿವಿ ಮುಚ್ಚಿದರೆ ಗಾಯಕನಿಗೆ ವಾದ್ಯವೃಂದ ಸರಿಯಾಗಿ ಕೇಳದು, ಶ್ರುತಿ ಎತ್ತಲೋ ಹೋಗುತ್ತದೆ. ಹೊಲಿಗೆಯ ಒಳಗೆ ಧಾರಾಳವಾಗಿ ಬಟ್ಟೆ ಬಿಟ್ಟಿರುತ್ತಾರೆ, ಮುಂದಿನ ವರ್ಷ ಅದೇ ಪಾತ್ರಕ್ಕೆ ಬರುವವಳು ದಪ್ಪಗಿದ್ದರೆ ಬಿಚ್ಚಿ ಸಡಿಲ ಮಾಡಲು. ಇದೆಲ್ಲ ಗೊತ್ತಿರುವವರನ್ನು ಅಲಂಕಾರ ಮಾಡುವವರು ಎನ್ನುವುದು ಅಜ್ಞಾನ.

ಕನ್ನಡಿಗರಿಗಂತೂ ಈ ಅಜ್ಞಾನಕ್ಕೆ ಕ್ಷಮೆಯೇ ಇಲ್ಲ. ಕರಾವಳಿಯಲ್ಲಿ ರಾತ್ರಿಯಿಡೀ ಯಕ್ಷಗಾನ ನೋಡಿದ ಯಾವ ಅಜ್ಜನೂ ವೇಷ ಪ್ರಸಂಗಕ್ಕೆ ಪೂರಕವಾಗಿತ್ತು ಎಂದು ಹೇಳಲಾರ. ಕೇದಗೆ ಮುಂದಲೆ ಕಂಡ ಕೂಡಲೇ ಬಂದವನು ಎಳೆಯ ವೀರನೆಂದು ಅವನಿಗೆ ಗೊತ್ತು. ತೆರೆಯ ಹಿಂದೆ ಬಣ್ಣದ ವೇಷದ ಅಬ್ಬರ ಶುರುವಾದರೆ ರಾಕ್ಷಸ ಇನ್ನೂ ಒಂದು ಮಾತಾಡುವ ಮುಂಚೆಯೇ ಮಕ್ಕಳು ಅಮ್ಮನ ಸೆರಗಿಗೆ ಸರಿದಿರುತ್ತಾರೆ. ಅಲ್ಲಿ ವೇಷವೇ ಪಾತ್ರದ ಮೊದಲ ಮಾತು. ಒಬ್ಬ ಕಲಾವಿದನನ್ನು ಹೊಗಳುವಾಗಲೂ ಅವರದು ಇಂಥ ವೇಷ ಎಂದೇ ಹೇಳುತ್ತೇವೆ. ಅದೇ ನಾವು ಪಟ್ಟಣಕ್ಕೆ ಬಂದು ಟಿಕೆಟ್ ಕೊಂಡು ಸಭಾಂಗಣದಲ್ಲಿ ಕೂತ ತಕ್ಷಣ ಕಣ್ಣನ್ನು ಚಪ್ಪಲಿಯ ಜೊತೆ ಹೊರಗೆ ಬಿಟ್ಟು ಬಂದವರಂತೆ ಆಡುತ್ತೇವೆ. ಪ್ರೇಮಾ ಕಾರಂತರನ್ನು ‘ಫಣಿಯಮ್ಮ’ದ ನಿರ್ದೇಶಕಿ ಎಂದು ಸ್ಮರಿಸುತ್ತೇವೆ, ಸರಿಯೇ. ಅವರು ನಾಟಕಗಳಿಗೆ ಮಾಡಿದ ವಸ್ತ್ರವಿನ್ಯಾಸದ ಬಗ್ಗೆ ನಾಲ್ಕು ಪುಟ ಗಂಭೀರವಾಗಿ ಬರೆಯಬಲ್ಲವರು ಎಷ್ಟು ಜನ ಸಿಕ್ಕಾರು?

ಎದುರು ವಾದ ನನಗೆ ಗೊತ್ತಿದೆ. ವಿನ್ಯಾಸಕನಿಗೆ ಸಲಿಗೆ ಕೊಟ್ಟರೆ ನಾಟಕವನ್ನೇ ನುಂಗುತ್ತಾನೆ, ಎಲ್‌ಇಡಿ ಪರದೆಯಲ್ಲಿ ಮಳೆ ಸುರಿಸುತ್ತಾನೆ, ನಟ ಅದರ ಮುಂದೆ ಇರುವೆಯಂತೆ ಕಾಣುತ್ತಾನೆ ಎನ್ನುತ್ತಾರೆ. ಸುಳ್ಳಲ್ಲ, ಆಗುತ್ತದೆ. 2010ರಿಂದ 2012ರವರೆಗೆ ಮೆಟ್ರೊಪಾಲಿಟನ್‌ನಲ್ಲಿ ಬಂದ ವಾಗ್ನರ್‌ನ ‘ರಿಂಗ್’ ಒಪೆರಾ ಸರಣಿಯಲ್ಲಿ ಇಪ್ಪತ್ನಾಲ್ಕು ಹಲಗೆಗಳ, ಸುಮಾರು 45 ಟನ್ ತೂಕದ ಯಂತ್ರವೇ ಸೆಟ್. ಅದರ ಭಾರ ತಡೆಯಲು ರಂಗದ ಅಡಿಗೆ ಉಕ್ಕು ಕೊಟ್ಟು ಬಲಪಡಿಸಬೇಕಾಯಿತು. ಮೊದಲ ರಾತ್ರಿಯೇ, ದೇವತೆಗಳು ಕಾಮನಬಿಲ್ಲಿನ ಸೇತುವೆ ಹತ್ತಬೇಕಾದ ಹೊತ್ತಿಗೆ ಯಂತ್ರ ಕೈಕೊಟ್ಟಿತು. ಪತ್ರಿಕೆಗಳು ಚೆನ್ನಾಗಿಯೇ ಬೈದವು. ಬೈಸಿಕೊಂಡವನು ನಿರ್ದೇಶಕ ರಾಬರ್ಟ್ ಲೆಪಾಜ್. ಸೆಟ್ಟಿನ ವಿನ್ಯಾಸಕ ಕಾರ್ಲ್ ಫಿಲಿಯನ್‌ನ ಹೆಸರು ಒಪೆರಾ ನೋಡುವವರಲ್ಲೂ ಹೆಚ್ಚು ಜನಕ್ಕೆ ಗೊತ್ತಿಲ್ಲ. ನನ್ನ ಕೋಪಕ್ಕೆ ಕಾರಣ ಇದೇ. ಹೊಗಳಿಕೆಯಂತೂ ಈ ಜನಕ್ಕೆ ಮುಟ್ಟುವುದಿಲ್ಲ, ಬೈಗುಳವೂ ಮುಟ್ಟುವುದಿಲ್ಲ. ಕೆಟ್ಟ ವಿನ್ಯಾಸಕ್ಕೆ ಮದ್ದು ವಿನ್ಯಾಸಕನನ್ನು ಮರೆಮಾಡುವುದಲ್ಲ. ಎದುರಿಗೆ ಕೂರಿಸಿಕೊಂಡು, ಈ ಹಲಗೆ ಯಾಕಪ್ಪಾ ಎಂದು ಕೇಳಬೇಕು.

ಕೇಳಲೇಬೇಕಾದ ಇನ್ನೂ ದೊಡ್ಡ ಪ್ರಶ್ನೆಗಳಿವೆ, ಅವಕ್ಕೆ ನಾನು ಮತ್ತೆ ನೇಹರ್‌ನ ಹತ್ತಿರವೇ ಹೋಗಬೇಕು. 1933ರ ಫೆಬ್ರುವರಿಯಲ್ಲಿ ಜರ್ಮನಿಯ ಸಂಸತ್ ಭವನಕ್ಕೆ ಬೆಂಕಿ ಬಿದ್ದ ಮರುದಿನವೇ ಬ್ರೆಕ್ಟ್ ದೇಶ ಬಿಟ್ಟ. ವೈಲ್ ಹೋದ, ಎಬರ್ಟ್ ಹೋದ. ನೇಹರ್ ಉಳಿದ. ಹಿಟ್ಲರನ ಆಳ್ವಿಕೆಯ ವರ್ಷಗಳುದ್ದಕ್ಕೂ ಅಲ್ಲಿನ ರಂಗಮಂದಿರಗಳಲ್ಲಿ ಕೆಲಸ ಮಾಡಿದ. 1938ರಲ್ಲಿ ಗ್ಲೈಂಡ್‌ಬರ್ನ್‌ಗೆ ಹೋದಾಗ ನಿರ್ದೇಶಕ ಎಬರ್ಟ್, ಸಂಗೀತ ನಡೆಸಿದ ಫ್ರಿಟ್ಸ್ ಬುಷ್ ಇಬ್ಬರೂ ನಾಜಿಗಳ ಕಾಲದಲ್ಲಿ ಜರ್ಮನಿ ತೊರೆದವರೇ. ಅವರ ಜೊತೆ ‘ಮ್ಯಾಕ್‌ಬೆತ್’ ಮುಗಿಸಿ ನೇಹರ್ ವಾಪಸ್ ಹೋದ. ಮರುವರ್ಷ ಬರ್ಲಿನ್‌ನಲ್ಲಿ ಆಡಿದ, ವಾಗ್ನರ್-ರೆಗೆನಿ ಸಂಗೀತ ಕೊಟ್ಟ ‘ಕ್ಯಾಲೆಯ ನಾಗರಿಕರು’ ಒಪೆರಾದ ಪಠ್ಯವೂ ಅವನದೇ.

ವಿನ್ಯಾಸ ಬರೀ ಪೂರಕ ಎನ್ನುವವರಿಗೆ ಇಲ್ಲಿ ಬಹಳ ಅನುಕೂಲ. ಪಾಪ, ಅವನು ಪರದೆ ಬರೆಯುವವನು, ಯಾರು ಹೇಳಿದರೂ ಬರೆದ, ಅವನಿಗೇನು ರಾಜಕೀಯ ಎಂದುಬಿಡಬಹುದು. ನಾನು ಹಾಗೆ ಬಿಡಲು ತಯಾರಿಲ್ಲ. ಕುರ್ಚಿಯ ಕಾಲು ಗಿಡ್ಡ ಮಾಡಿ ಉಣ್ಣುವವನ ವರ್ಗವನ್ನು ತೋರಿಸಬಲ್ಲವನಿಗೆ, ಹೊಟ್ಟೆಬಾಕನ ಹಿಂದೆ ಹೊಟ್ಟೆಬಾಕನನ್ನು ನಿಲ್ಲಿಸಬಲ್ಲವನಿಗೆ ತಾನು ಯಾರ ರಂಗವನ್ನು ಕಟ್ಟುತ್ತಿದ್ದೇನೆಂದು ಗೊತ್ತಿರಲಿಲ್ಲ ಎಂದರೆ ನಂಬುವವರು ಯಾರು? ಅವನ ಪರವಾಗಿ ಹೇಳಬೇಕಾದ್ದೂ ಇದೆ. ಯುದ್ಧಕಾಲದಲ್ಲಿ, 1941ರಲ್ಲಿ ವಿಯೆನ್ನಾದಲ್ಲಿ ಆಡಿದ, ಅವನದೇ ಪಠ್ಯದ ‘ಯೊಹಾನಾ ಬಾಲ್ಕ್’ ಒಪೆರಾ ದಬ್ಬಾಳಿಕೆಯ ದೊರೆಯೊಬ್ಬನ ಕಥೆ, ಅದಕ್ಕೆ ದೊಡ್ಡ ರಾದ್ಧಾಂತವೇ ನಡೆಯಿತು. ಎರಡನ್ನೂ ತಕ್ಕಡಿಗೆ ಹಾಕಬೇಕು. ಹಾಕಬೇಕೆಂದರೆ ಮೊದಲು ಅವನನ್ನು ಕೃತಿಕಾರನೆಂದು ಒಪ್ಪಿಕೊಳ್ಳಬೇಕು.

ಬ್ರೆಕ್ಟ್ ಹಾಗೆ ಒಪ್ಪಿಕೊಂಡಿದ್ದ. ಯುದ್ಧ ಮುಗಿದು ಇಬ್ಬರೂ ಸ್ವಿಟ್ಜರ್‌ಲೆಂಡಿನಲ್ಲಿ ಮತ್ತೆ ಸೇರಿದರು. 1948ರ ಫೆಬ್ರುವರಿಯಲ್ಲಿ ಕೂರ್ ಎಂಬ ಸಣ್ಣ ಊರಿನ ರಂಗಮಂದಿರದಲ್ಲಿ ‘ಆಂಟಿಗೊನೆ’ ಆಡಿದಾಗ ನಿರ್ದೇಶಕರೆಂದು ಇಬ್ಬರ ಹೆಸರೂ ಇತ್ತು. ಆಟದ ಅಂಗಳದ ಸುತ್ತ ನಾಲ್ಕು ಕಂಬ, ಕಂಬಕ್ಕೆ ನೇತುಹಾಕಿದ ಕುದುರೆಯ ತಲೆಬುರುಡೆಗಳು. ಹಿಂದೆ ಅರ್ಧಚಂದ್ರಾಕಾರಕ್ಕೆ ಕೆಂಪು ಜೊಂಡಿನ ಚಾಪೆಯ ತಡಿಕೆ, ಅದರ ಮುಂದೆ ಉದ್ದನೆಯ ಬೆಂಚು. ನಟರೆಲ್ಲ ಆ ಬೆಂಚಿನ ಮೇಲೆ ಎಲ್ಲರಿಗೂ ಕಾಣುವಂತೆ ಕೂತಿದ್ದು, ತಮ್ಮ ಸರದಿ ಬಂದಾಗ ಎದ್ದು ಕಂಬಗಳ ನಡುವೆ ಬರುತ್ತಿದ್ದರು. ದೊರೆ ಕ್ರೆಯಾನ್‌ನ ಮುಂದೆ ಬಂದಾಗ ಆಂಟಿಗೊನೆಯಾಗಿದ್ದ ಹೆಲೆನೆ ವೈಗೆಲ್‌ಳ ಬೆನ್ನಿಗೆ ಒಂದು ಬಾಗಿಲ ಹಲಗೆ ಕಟ್ಟಿತ್ತು. ಅದನ್ನು ಹೊತ್ತುಕೊಂಡೇ ಆಕೆ ದೊರೆಗೆ ಉತ್ತರ ಕೊಡಬೇಕು. ಆಡಿದ್ದು ಕೆಲವೇ ಸಲ. ಮರುವರ್ಷ ಆ ಪ್ರಯೋಗವನ್ನು ಫೋಟೊಗಳ ಸಮೇತ, ಬೇರೆ ರಂಗಮಂದಿರಗಳು ನೋಡಿ ಬಳಸಿಕೊಳ್ಳಲಿ ಎಂದು ಪುಸ್ತಕವಾಗಿ ತಂದರು, ಅದಕ್ಕೂ ಇಬ್ಬರ ಹೆಸರು.

ದೊರೆಯ ಆಜ್ಞೆಯನ್ನು ಮೀರುವ ಹೆಣ್ಣಿನ ನಾಟಕ ಅದು, ಅದಕ್ಕೆ 1945ರ ಬರ್ಲಿನ್‌ನಲ್ಲಿ ನಡೆಯುವ ಒಂದು ಪೂರ್ವರಂಗ ಬೇರೆ. ಆ ಬೆಂಚನ್ನು ಹಾಕಿದವನು, ದೊರೆ ಬದಲಾದರೂ ತನ್ನ ಬೆಂಚು ಬಿಟ್ಟು ಏಳದೆ ಕೂತಿದ್ದವನು. ಆಂಟಿಗೊನೆಯ ಬೆನ್ನಿನ ಆ ಹಲಗೆಯಲ್ಲಿ ಅವನ ಹನ್ನೆರಡು ವರ್ಷಗಳ ಲೆಕ್ಕವೂ ಸೇರಿತ್ತೇ? ಈ ಪ್ರಶ್ನೆಯನ್ನು ಬ್ರೆಕ್ಟ್‌ಗೆ ಕೇಳಿ ಪ್ರಯೋಜನವಿಲ್ಲ. ಕೇಳಬೇಕಾದದ್ದು ನೇಹರ್‌ನನ್ನು.